ಸಾಕ್ಷಿ ಹೇಳುವ ಚಿತ್ರ: ದೀಪಾ ಧನರಾಜ್ ಮತ್ತು ನಿಪ್ಪಾಣಿಯ ವಖಾರದ ಹೆಣ್ಣುಮಕ್ಕಳು



ಗಡಿಭಾಗದ ನಾವು ಒಂದೇ ವಸ್ತುವಿಗೆ ಎರಡು ಹೆಸರು ಇಟ್ಟುಕೊಂಡು ಬದುಕುವವರು. ಮನೆಯಲ್ಲಿ ಒಂದು, ಪೇಟೆಯಲ್ಲಿ ಇನ್ನೊಂದು. ಬಹಳ ಸಲ ಎರಡರ ಅರ್ಥವೂ ಒಂದೇ ಆಗಿರುತ್ತದೆ. ಆದರೆ ಕೆಲವು ಸಲ ಎರಡು ಹೆಸರುಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಿದಾಗ ಹೊಸ ವಿಚಾರವೊಂದು ಹೊಳೆಯುತ್ತದೆ. ಕಟ್ಟುಕತೆ ಬಿಟ್ಟು ನಿಜವಾದ ಜನರನ್ನೂ ನಿಜವಾದ ಘಟನೆಗಳನ್ನೂ ತೋರಿಸುವ ಸಿನಿಮಾಕ್ಕೆ ಮರಾಠಿಯಲ್ಲಿ ಮಾಹಿತಿಪಟ ಎನ್ನುತ್ತಾರೆ. ನಾವು ಕನ್ನಡದಲ್ಲಿ ಸಾಕ್ಷ್ಯಚಿತ್ರ ಎನ್ನುತ್ತೇವೆ. ಮಾಹಿತಿ ಗೊಬ್ಬರದ ಚೀಲದ ಮೇಲೆಯೂ ಅಚ್ಚಾಗಿರುತ್ತದೆ. ಸಾಕ್ಷಿಯ ಮಾತು ಹಾಗಲ್ಲ. ಸಾಕ್ಷಿ ಹೇಳುವವರು ಕಟಕಟೆ ಹತ್ತಬೇಕು, ಕಂಡದ್ದನ್ನು, ಅನುಭವಿಸಿದ್ದನ್ನು ತಮ್ಮ ಬಾಯಿಂದಲೇ ಹೇಳಬೇಕು, ಎದುರಿನವರ ಸಿಟ್ಟಿಗೂ ತಯಾರಾಗಿರಬೇಕು.

ಹೀಗೆ ಸಾಕ್ಷಿ ಹೇಳುವ ಚಿತ್ರಗಳನ್ನೇ ನಾಲ್ಕು ದಶಕಗಳ ಕಾಲ ಮಾಡುತ್ತ ಬಂದ ಒಬ್ಬ ಹೆಣ್ಣುಮಗಳ ಪರಿಚಯವನ್ನು ಇಂದು ನಿಮಗೆ ಮಾಡಿಕೊಡುತ್ತೇನೆ. ಅವರ ಹೆಸರು ದೀಪಾ ಧನರಾಜ್. ಹುಟ್ಟಿದ್ದು 1953ರಲ್ಲಿ, ಹೈದರಾಬಾದಿನಲ್ಲಿ. ನೆಲೆಸಿದ್ದು, ದುಡಿದದ್ದು ಬೆಂಗಳೂರಿನಲ್ಲಿ. ಆದರೆ ಅವರ ಮೊದಮೊದಲ ಚಿತ್ರಗಳಲ್ಲಿ ಒಂದು ತಯಾರಾದದ್ದು ನಮ್ಮ ಪಕ್ಕದಲ್ಲೇ. ಜಯಸಿಂಗಪುರದಿಂದ ಹೊರಟು, ಇಚಲಕರಂಜಿ ದಾಟಿ, ಬೋರಗಾವದ ಮೇಲೆ ಹೋದರೆ ಸಿಗುವ ನಿಪ್ಪಾಣಿಯಲ್ಲಿ. ಅದರ ಭಾಷೆ ಮರಾಠಿ. ಅದರಲ್ಲಿ ಮಾತಾಡುವವರು ತಂಬಾಕಿನ ವಖಾರಗಳಲ್ಲಿ ಕೂಲಿ ಮಾಡುತ್ತಿದ್ದ ಹೆಣ್ಣುಮಕ್ಕಳು. ಬರ್ಲಿನ್ ನಗರದವರು ಈ ಚಿತ್ರವನ್ನು ನೋಡಿದ್ದಾರೆ. ನಮ್ಮ ಹಳ್ಳಿಗಳಲ್ಲಿ ಅದರ ಹೆಸರನ್ನಾದರೂ ಕೇಳಿದವರು ಎಷ್ಟು ಜನ?

ಮೊದಲಿಗೆ, ಸಾಕ್ಷ್ಯಚಿತ್ರವೆಂದರೆ ನಮ್ಮ ಹಿರಿಯರಿಗೆ ಏನು ನೆನಪಾಗುತ್ತದೆ, ನೋಡೋಣ. ಟಾಕೀಜಿನಲ್ಲಿ ಮುಖ್ಯ ಸಿನಿಮಾ ಸುರುವಾಗುವ ಮುಂಚೆ ಸರಕಾರದ ಒಂದು ಕಪ್ಪು ಬಿಳುಪು ಚಿತ್ರ ಬರುತ್ತಿತ್ತು. ಕೇಂದ್ರ ಸರಕಾರ 1948ರಲ್ಲಿ ಸ್ಥಾಪಿಸಿದ ಫಿಲ್ಮ್ಸ್ ಡಿವಿಜನ್ ಸಂಸ್ಥೆ ಅವನ್ನು ತಯಾರಿಸುತ್ತಿತ್ತು. ಚಿತ್ರಮಂದಿರದವರು ಅವನ್ನು ತೋರಿಸಲೇಬೇಕೆಂಬ ನಿಯಮವಿತ್ತು. ಈ ಸಂಸ್ಥೆ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು. ಅಣೆಕಟ್ಟು, ಕಾರಖಾನೆ, ಹೊಸ ಬೀಜ, ಕುಟುಂಬ ಯೋಜನೆ ಮುಂತಾದ ಎಷ್ಟೋ ವಿಷಯಗಳ ಮೇಲೆ ಅದು ಸಾವಿರಾರು ಚಿತ್ರಗಳನ್ನು ಮಾಡಿತು. ಅವುಗಳಲ್ಲಿ ಒಳ್ಳೆಯವೂ ಇದ್ದವು. ಆದರೆ ಹೆಚ್ಚಿನವುಗಳ ರೀತಿ ಒಂದೇ. ಪರದೆಯ ಮೇಲೆ ರೈತ ನೇಗಿಲು ಹೊಡೆಯುತ್ತಾನೆ, ಅವನ ಬಾಯಿ ಮುಚ್ಚಿರುತ್ತದೆ. ಕಾಣದ ಗಂಡಸೊಬ್ಬನ ಗಂಭೀರ ದನಿ ಅವನ ವಿಷಯವನ್ನು ನಮಗೆ ತಿಳಿಸಿ ಹೇಳುತ್ತದೆ. ಆ ಹೊತ್ತಿನಲ್ಲಿ ನಮ್ಮ ಜನ ಒಂದು ಬೀಡಿ ಸೇದಿ ಬರಲು ಹೊರಗೆ ಹೋಗುತ್ತಿದ್ದರು. ಆ ಬೀಡಿಯೊಳಗಿನ ತಂಬಾಕನ್ನು ಜರಡಿ ಹಿಡಿದವರು ಯಾರು ಎಂಬ ಪ್ರಶ್ನೆ ಒಳಗೂ ಇರಲಿಲ್ಲ, ಹೊರಗೂ ಇರಲಿಲ್ಲ.

ಹಾಗೆಂದು ಬಡವರ ಬದುಕನ್ನು ಪರದೆಗೆ ತರುವ ಪ್ರಯತ್ನ ನಮ್ಮ ಭಾಗಕ್ಕೆ ಹೊಸದೇನಲ್ಲ. ಕೊಲ್ಹಾಪುರದ ಬಾಬುರಾವ ಪೇಂಟರ್ ತಮ್ಮ ಮಹಾರಾಷ್ಟ್ರ ಫಿಲ್ಮ್ ಕಂಪನಿಯಿಂದ 1925ರಲ್ಲಿ ‘ಸಾವಕಾರೀ ಪಾಶ’ ಎಂಬ ಮೂಕಿ ಚಿತ್ರವನ್ನು ಮಾಡಿದರು. ಸಾಹುಕಾರನ ಬಡ್ಡಿಗೆ ಸಿಕ್ಕು ಹೊಲ ಕಳೆದುಕೊಂಡು ಊರು ಬಿಟ್ಟ ರೈತನ ಕತೆ ಅದು. ಮುಂದೆ ದೊಡ್ಡ ಹೆಸರು ಮಾಡಿದ ವ್ಹಿ. ಶಾಂತಾರಾಮ್ ಆ ರೈತನ ಪಾತ್ರ ವಹಿಸಿದ್ದರು. ದೇವಾನುದೇವತೆಗಳ ಕತೆಗಳೇ ಓಡುತ್ತಿದ್ದ ಕಾಲದಲ್ಲಿ ಹರಕು ಬಟ್ಟೆಯ ರೈತನನ್ನು ನಾಯಕನನ್ನಾಗಿ ಮಾಡುವುದಕ್ಕೆ ಎದೆಗಾರಿಕೆ ಬೇಕಾಗಿತ್ತು. ಆದರೂ ಅಲ್ಲಿದ್ದವನು ರೈತನ ವೇಷದ ನಟ. ನಿಜವಾದ ರೈತನೇ ಬಂದು ತನ್ನ ಮಾತು ಹೇಳಬೇಕಾದರೆ ಇನ್ನೂ ಬಹಳ ಕಾಲ ಹೋಗಬೇಕಿತ್ತು.

ಇಲ್ಲಿ ಡೆನ್ಮಾರ್ಕ್ ಎಂಬ ದೂರದ ದೇಶದ ಒಂದು ಉದಾಹರಣೆ ಹೇಳುತ್ತೇನೆ. ಆ ದೇಶದ ಜನಸಂಖ್ಯೆ ಸುಮಾರು 60 ಲಕ್ಷ. 2011ರ ಜನಗಣತಿಯಲ್ಲಿ ಕನ್ನಡ ತಾಯಿನುಡಿಯೆಂದು ಬರೆಸಿದವರೇ 4 ಕೋಟಿ 37 ಲಕ್ಷ. ಅಂದರೆ ಅದು ನಮಗಿಂತ ಎಷ್ಟೋ ಚಿಕ್ಕ ಭಾಷೆಯ ನಾಡು. ಎರಡನೆಯ ಮಹಾಯುದ್ಧದಲ್ಲಿ, 1940ರಿಂದ 1945ರವರೆಗೆ, ಅದು ಜರ್ಮನರ ವಶದಲ್ಲಿತ್ತು. ಆಗ ಅಲ್ಲಿಯ ಕೆಲವರು ಜೀವದ ಹಂಗು ತೊರೆದು, ಪ್ರತಿರೋಧದ ಚಟುವಟಿಕೆಗಳನ್ನು ಕದ್ದು ಚಿತ್ರೀಕರಿಸಿಟ್ಟರು. ಯುದ್ಧ ಮುಗಿದ ಮೇಲೆ, 1946ರಲ್ಲಿ, ಥಿಯೋಡರ್ ಕ್ರಿಸ್ಟೆನ್ಸನ್ ಎಂಬ ನಿರ್ದೇಶಕ ಅಂಥ ತುಣುಕುಗಳನ್ನೂ ಸೇರಿಸಿ ಆ ಐದು ವರ್ಷಗಳ ದೊಡ್ಡ ಸಾಕ್ಷ್ಯಚಿತ್ರವನ್ನು ಕಟ್ಟಿದ. ನಮ್ಮ ಕಾಲದಲ್ಲಿ ಏನು ನಡೆಯಿತೆಂಬುದಕ್ಕೆ ನಾವೇ ಸಾಕ್ಷಿ ಬಿಟ್ಟುಹೋಗಬೇಕು, ಬಿಡದಿದ್ದರೆ ಬೇರೆಯವರು ಹೇಳಿದ್ದೇ ಇತಿಹಾಸವಾಗುತ್ತದೆ ಎಂಬ ತಿಳಿವಳಿಕೆ ಅವರಿಗಿತ್ತು. ದೀಪಾ ಧನರಾಜ್ ಅವರ ಕೆಲಸದ ಹಿಂದೆಯೂ ಇದೇ ತಿಳಿವಳಿಕೆ ಇದೆ.

ಈಗ ನಿಪ್ಪಾಣಿಗೆ ಬರೋಣ. 1956ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾದಾಗ ಮುಂಬಯಿ ರಾಜ್ಯದಿಂದ ಮೈಸೂರು ರಾಜ್ಯಕ್ಕೆ ಬಂದ ಊರು ಅದು. ಮೊದಲು ಚಿಕ್ಕೋಡಿ ತಾಲೂಕಿನಲ್ಲಿದ್ದು, 2018ರಲ್ಲಿ ತಾನೇ ತಾಲೂಕು ಆಯಿತು. ಯಾವ ರಾಜ್ಯಕ್ಕೆ ಸೇರಬೇಕೆಂಬ ಜಗಳದಲ್ಲಿ ಅದರ ಹೆಸರು ಎಷ್ಟು ಸಲ ಬಂದಿದೆಯೋ ನಿಮಗೆ ಗೊತ್ತು. ಆದರೆ ದೇಶದ ವ್ಯಾಪಾರಸ್ಥರಿಗೆ ನಿಪ್ಪಾಣಿಯೆಂದರೆ ತಂಬಾಕು, ಅದರಲ್ಲೂ ಬೀಡಿ ತಂಬಾಕು. ಸುತ್ತಲಿನ ಹೊಲಗಳಿಂದ ಒಣಗಿದ ಎಲೆ ವಖಾರಕ್ಕೆ ಬರುತ್ತದೆ. ಅದನ್ನು ಪುಡಿ ಮಾಡಬೇಕು, ದಂಟು ಬೇರೆ ಮಾಡಬೇಕು, ದಪ್ಪ ಮತ್ತು ಸಣ್ಣ ಕಣ್ಣಿನ ಜರಡಿಗಳಲ್ಲಿ ಸೋಸಿ ದರ್ಜೆ ಮಾಡಬೇಕು, ಚೀಲ ತುಂಬಬೇಕು. ಜರಡಿಯ ಕೆಲಸ ಮಾಡುತ್ತಿದ್ದವರೆಲ್ಲ ಹೆಚ್ಚಾಗಿ ಹೆಣ್ಣುಮಕ್ಕಳು.

ಮನೆಯಲ್ಲಿ ಒಂದು ಹಿಡಿ ಖಾರದಪುಡಿ ಕುಟ್ಟುವಾಗ ಏನಾಗುತ್ತದೆ ಎಂಬುದನ್ನು ನೆನಪಿಸಿಕೊಳ್ಳಿರಿ. ಗಾಳಿಯಾಡದ ವಖಾರದಲ್ಲಿ ಬೆಳಗಿನಿಂದ ಸಂಜೆಯವರೆಗೆ ತಂಬಾಕಿನ ಧೂಳು ಅದಕ್ಕಿಂತ ಎಷ್ಟೋ ಪಾಲು ಹೆಚ್ಚಾಗಿ ಎದ್ದಿರುತ್ತದೆ. ಬಾಯಿಗೆ ಸೆರಗು ಕಟ್ಟಿಕೊಂಡರೂ ಘಾಟು ತಪ್ಪದು. ಕೆಮ್ಮು, ತಲೆಸುತ್ತು, ಹೊಟ್ಟೆ ತೊಳಸುವುದು ದಿನದ ಮಾತು. ಮೇಲೆ ಕಡಿಮೆ ಕೂಲಿ, ಗೊತ್ತುಗುರಿಯಿಲ್ಲದ ಕೆಲಸದ ವೇಳೆ, ಮೇಲ್ವಿಚಾರಣೆ ಮಾಡುವ ಗಂಡಸರ ಅವಾಚ್ಯ ಮಾತು ಮತ್ತು ಕಾಟ. ಕಾನೂನು ಇರಲಿಲ್ಲವೇ ಎಂದರೆ, ಇತ್ತು. ಬೀಡಿ ಮತ್ತು ಸಿಗಾರ್ ಕೆಲಸಗಾರರಿಗಾಗಿ ಸಂಸತ್ತು 1966ರಲ್ಲೇ ಒಂದು ಕಾಯದೆ ಮಾಡಿತ್ತು. ದಿನಕ್ಕೆ 9 ತಾಸು, ವಾರಕ್ಕೆ 48 ತಾಸಿಗಿಂತ ಹೆಚ್ಚು ಕೆಲಸ ಕೂಡದು, ಕುಡಿಯುವ ನೀರು, ಶೌಚಾಲಯ, ರಜೆ ಕೊಡಬೇಕು ಎಂದೆಲ್ಲ ಅದರಲ್ಲಿ ಬರೆದಿತ್ತು. ಆದರೆ ಕಾನೂನು ಕಾಗದದ ಮೇಲಿತ್ತು, ಹೆಣ್ಣುಮಕ್ಕಳು ಧೂಳಿನಲ್ಲಿದ್ದರು. ಎರಡನ್ನೂ ಕೂಡಿಸುವವರು ಬೇಕಾಗಿತ್ತು.

1980ರ ಸುಮಾರಿಗೆ ಅದೂ ಆಯಿತು. ನಿಪ್ಪಾಣಿಯಲ್ಲಿ ಅಧ್ಯಾಪಕರಾಗಿದ್ದ, ಮುಂದೆ ಶಾಸಕರೂ ಆದ ಸುಭಾಷ ಜೋಶಿಯವರ ಮುಂದಾಳತ್ವದಲ್ಲಿ ಚಿಕ್ಕೋಡಿ ತಾಲೂಕು ಕಾಮಗಾರ ಮಹಾಸಂಘ ಕಟ್ಟಿತು. ವಖಾರದ ಹೆಣ್ಣುಮಕ್ಕಳು ಅದರಲ್ಲಿ ಸಾವಿರಗಟ್ಟಲೆ ಸೇರಿದರು. ನಮ್ಮ ಭಾಗದಲ್ಲಿ ಅದು ಚಳವಳಿಗಳ ಕಾಲ. ಗಡಹಿಂಗ್ಲಜದಲ್ಲಿ 1975ರಲ್ಲಿ ದೇವದಾಸಿಯರ ಪರಿಷತ್ತು ನಡೆದು, ಬಾಯಿಬಿಟ್ಟು ಆಡಬಾರದ ವಿಷಯವನ್ನು ಬಯಲಿಗೆ ತಂದಿತ್ತು. 1981ರಲ್ಲಿ ತಂಬಾಕಿಗೆ ನ್ಯಾಯವಾದ ಬೆಲೆ ಬೇಕೆಂದು ಶರದ ಜೋಶಿಯವರ ನೇತೃತ್ವದಲ್ಲಿ ರೈತರು ನಿಪ್ಪಾಣಿಯ ಹತ್ತಿರ ಪುಣೆ-ಬೆಂಗಳೂರು ಹೆದ್ದಾರಿಯ ಮೇಲೆ ವಾರಗಟ್ಟಲೆ ಕುಳಿತರು. ಏಪ್ರಿಲ್ 6ರಂದು ಪೊಲೀಸರ ಗುಂಡಿಗೆ ಹತ್ತಕ್ಕೂ ಹೆಚ್ಚು ರೈತರು ಬಲಿಯಾದರು. ಆ ಆಂದೋಲನದ ಸುದ್ದಿ ದೇಶದ ಪತ್ರಿಕೆಗಳಲ್ಲೆಲ್ಲ ಬಂತು. ಹೆದ್ದಾರಿಯ ಮೇಲೆ ಕುಳಿತ ರೈತರು ಎಲ್ಲರ ಕಣ್ಣಿಗೆ ಬಿದ್ದರು. ಅದೇ ತಂಬಾಕನ್ನು ಬಾಗಿಲು ಮುಚ್ಚಿದ ವಖಾರದಲ್ಲಿ ಸೋಸುವ ಹೆಣ್ಣುಮಕ್ಕಳು ಮಾತ್ರ ಯಾರಿಗೂ ಕಾಣುತ್ತಿರಲಿಲ್ಲ. ಅವರನ್ನು ಕಾಣಿಸುವ ಕೆಲಸಕ್ಕೆ ಬೆಂಗಳೂರಿನ ಒಂದು ಚಿಕ್ಕ ತಂಡ ಬಂತು.

ಆ ತಂಡದ ಹೆಸರು ಯುಗಾಂತರ. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಸೇರಿ 1980ರಲ್ಲಿ ಅದನ್ನು ಕಟ್ಟಿದರು. ನವರೋಜ್ ಅವರು ಮಣಿ ಕೌಲ್ ಅವರ ‘ದುವಿಧಾ’ ಚಿತ್ರಕ್ಕೆ ಕ್ಯಾಮೆರಾ ಹಿಡಿದು ಆಗಲೇ ಹೆಸರಾಗಿದ್ದವರು, ದೀಪಾ ಅವರ ಜೀವನಸಂಗಾತಿ. 2023ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಈ ತಂಡ ಕಟ್ಟಿದ ಹೊತ್ತಿನಲ್ಲಿ ದೇಶದ ನಗರಗಳಲ್ಲಿ ಹೆಣ್ಣುಮಕ್ಕಳು ಬೀದಿಗಿಳಿದು, ಅತ್ಯಾಚಾರದ ಕಾನೂನು ಬದಲಾಗಬೇಕು, ವರದಕ್ಷಿಣೆಯ ಸಾವು ನಿಲ್ಲಬೇಕು ಎಂದು ಕೇಳುತ್ತಿದ್ದರು. ಅದೇ ಗಾಳಿಯಲ್ಲಿ ಹುಟ್ಟಿದ ತಂಡ ಇದು. ಹೆಣ್ಣುಮಕ್ಕಳ ದುಡಿಮೆಯನ್ನೂ ಹೋರಾಟವನ್ನೂ ಅವರ ಜತೆ ಕುಳಿತೇ ಚಿತ್ರ ಮಾಡಬೇಕೆಂಬುದು ಇವರ ಪಣ.

ಮೊದಲ ಚಿತ್ರ ಪುಣೆಯಲ್ಲಿ. ಅಲ್ಲಿ 1980ರಲ್ಲಿ ಮನೆಗೆಲಸದ ಹೆಣ್ಣುಮಕ್ಕಳು ಪಗಾರ ಹೆಚ್ಚಿಸಬೇಕೆಂದು ತಾವಾಗಿಯೇ ಕೆಲಸ ನಿಲ್ಲಿಸಿದರು. ಪಾತ್ರೆ ತೊಳೆಯುವವರು, ಬಟ್ಟೆ ಒಗೆಯುವವರು ಸಂಪು ಹೂಡಬಹುದೆಂದು ಅಲ್ಲಿಯವರೆಗೆ ಯಾರೂ ಎಣಿಸಿರಲಿಲ್ಲ. ಅವರ ಸಂಘಟನೆ ಹುಟ್ಟಿದ ಬಗೆಯನ್ನು ‘ಮೋಲಕರೀಣ’ ಎಂಬ ಚಿತ್ರ 1981ರಲ್ಲಿ ದಾಖಲು ಮಾಡಿತು. ಆಗಿಹೋದ ಪ್ರಸಂಗಗಳನ್ನು ಆ ಹೆಣ್ಣುಮಕ್ಕಳೇ ಕ್ಯಾಮೆರಾದ ಮುಂದೆ ಮತ್ತೊಮ್ಮೆ ಮಾಡಿ ತೋರಿಸಿದರು. ಇದು ನಾಟಕವಾಗಲಿಲ್ಲವೇ ಎಂದು ನೀವು ಕೇಳಬಹುದು. ಪಂಚರ ಮುಂದೆ ಜಗಳ ಹೇಗೆ ಸುರುವಾಯಿತೆಂದು ಹೇಳುವಾಗ ನಮ್ಮ ಅವ್ವಂದಿರು ಎದ್ದು ನಿಂತು ಕೈ ಮಾಡಿ ಅಭಿನಯಿಸಿ ತೋರಿಸುವುದಿಲ್ಲವೇ? ಅದೂ ಸಾಕ್ಷಿಯೇ. ತಮಗೆ ಆದದ್ದನ್ನು ತಾವೇ ತೋರಿಸುತ್ತಾರೆ, ಅಷ್ಟೇ.

ಎರಡನೆಯ ಚಿತ್ರಕ್ಕಾಗಿ ತಂಡ ನಿಪ್ಪಾಣಿಗೆ ಬಂತು. ಬಂದ ದಿನವೇ ಕ್ಯಾಮೆರಾ ತೆಗೆದು ಸುರುಮಾಡಲಿಲ್ಲ. ತಿಂಗಳುಗಟ್ಟಲೆ ಹೆಣ್ಣುಮಕ್ಕಳ ಜತೆ ಕುಳಿತು ಮಾತು ಕೇಳಿದರು, ಸಭೆಗಳಿಗೆ ಹೋದರು. ಚಿತ್ರದಲ್ಲಿ ಏನು ಬರಬೇಕೆಂಬ ವಿಚಾರವೂ ಆ ಮಾತುಕತೆಯಲ್ಲೇ ಬೆಳೆಯಿತು. ಹೊರಗಿನವರಿಗೆ ಪ್ರವೇಶವಿಲ್ಲದ ವಖಾರಗಳ ಒಳಗಿನ ನೋಟವೂ ಕ್ಯಾಮೆರಾಕ್ಕೆ ಸಿಕ್ಕಿತು. 1982ರಲ್ಲಿ ತಯಾರಾದ ಆ ಚಿತ್ರದ ಹೆಸರು ‘ತಂಬಾಖೂ ಚಾಕೀಲಾ ಊಬ ಆಲೀ’. ಊಬ ಎಂದರೆ ಕಾವು ಎಂದು ನಿಮಗೆ ನಾನು ಹೇಳಬೇಕಾಗಿಲ್ಲ. ಒಟ್ಟಿದ ತಂಬಾಕಿಗೆ ಹೊರಗೆ ಬೆಂಕಿ ಕಾಣದೆ ಒಳಗೇ ಕಾವು ಏರುವುದನ್ನು ಕಂಡವರಿಗೆ ಈ ಹೆಸರಿನ ಮರ್ಮವೂ ತಿಳಿಯುತ್ತದೆ. ಹೊರಗೆ ತಲೆ ತಗ್ಗಿಸಿ ಜರಡಿ ಆಡಿಸುತ್ತಿದ್ದವರ ಒಳಗೆ ಏರಿದ ಕಾವಿನ ಚಿತ್ರ ಅದು.

ಚಿತ್ರ ಸುಮಾರು 25 ನಿಮಿಷದ್ದು, ಕಪ್ಪು ಬಿಳುಪು. ಅದರಲ್ಲಿ ಮೇಲಿಂದ ಉಪದೇಶಿಸುವ ಗಂಭೀರ ಗಂಡುದನಿಯಿಲ್ಲ. ಹೆಣ್ಣುಮಕ್ಕಳು ತಮ್ಮ ಮರಾಠಿಯಲ್ಲಿ, ಅಂದರೆ ನಾವು ಸಂತೆಯಲ್ಲಿ ದಿನವೂ ಕೇಳುವ ಮರಾಠಿಯಲ್ಲಿ, ಮಾತಾಡುತ್ತಾರೆ. ಒಳಗೆ ಏನೇನು ನಡೆಯುತ್ತಿತ್ತು, ಹೇಗೆ ಸಹಿಸಿದೆವು, ಹೇಗೆ ಒಬ್ಬರ ಹೆದರಿಕೆಯನ್ನು ಇನ್ನೊಬ್ಬರು ಬಿಡಿಸಿದೆವು, ಸಂಪಿಗೆ ಹೇಗೆ ತಯಾರಾದೆವು ಎಂದು ಹೇಳುತ್ತಾರೆ. ಗುಂಪಾಗಿ ಕುಳಿತು ಮುಂದೇನು ಮಾಡಬೇಕೆಂದು ಚರ್ಚಿಸುತ್ತಾರೆ. ನೋಡುವವರಿಗೆ ಅವರ ಮೇಲೆ ಬರೀ ಕರುಣೆ ಹುಟ್ಟುವುದಿಲ್ಲ. ಇವರು ವಿಚಾರವಂತರು, ತಮ್ಮ ದಾರಿಯನ್ನು ತಾವೇ ಹುಡುಕಿದವರು ಎಂಬ ಗೌರವ ಹುಟ್ಟುತ್ತದೆ. ಚಿತ್ರದ ಬಲವಿರುವುದು ಇಲ್ಲಿಯೇ.

ಅಂದಿನ ದಿನಗಳಲ್ಲಿ ಇಂಥ ಚಿತ್ರ ಮಾಡುವುದು ಎಷ್ಟು ಕಷ್ಟದ್ದೆಂದು ಇಂದು ಜೇಬಿನಲ್ಲಿ ಫೋನ್ ಇಟ್ಟುಕೊಂಡ ನಮಗೆ ಕಲ್ಪನೆ ಬರಲಿಕ್ಕಿಲ್ಲ. 16 ಮಿಲಿಮೀಟರ್ ಫಿಲ್ಮಿನ ಒಂದು ಅಡಿಯಲ್ಲಿ 40 ಚಿತ್ರಗಳು. ಸೆಕೆಂಡಿಗೆ 24 ಚಿತ್ರ ಓಡಬೇಕು. ಅಂದರೆ ಒಂದು ನಿಮಿಷಕ್ಕೆ 36 ಅಡಿ. 400 ಅಡಿಯ ದೊಡ್ಡ ಸುರುಳಿ ಹಾಕಿದರೂ 11 ನಿಮಿಷಕ್ಕೆ ಮುಗಿದುಹೋಗುತ್ತದೆ. 25 ನಿಮಿಷದ ಚಿತ್ರಕ್ಕೆ 900 ಅಡಿ ಬೇಕು. ಬೇಕಾದದ್ದನ್ನು ಆರಿಸಲು ಅದರ ಎಷ್ಟೋ ಪಾಲು ಹೆಚ್ಚು ತೆಗೆಯಬೇಕು. ತೆಗೆದದ್ದನ್ನು ಪ್ರಯೋಗಶಾಲೆಗೆ ಕಳಿಸಿ ತೊಳೆಸುವವರೆಗೆ ಏನು ಬಂದಿದೆಯೆಂದು ಗೊತ್ತಾಗುವುದಿಲ್ಲ. ಧ್ವನಿಯನ್ನು ಬೇರೆ ಯಂತ್ರದಲ್ಲಿ ಹಿಡಿದು ಆಮೇಲೆ ಚಿತ್ರಕ್ಕೆ ಹೊಂದಿಸಬೇಕು. ಪ್ರತಿಯೊಂದು ಅಡಿಗೂ ದುಡ್ಡು. ಹೀಗಿರುವಾಗ ಕೂಲಿ ಹೆಣ್ಣುಮಗಳೊಬ್ಬಳು ತಡವರಿಸಿ, ನಿಂತು, ವಿಚಾರ ಮಾಡಿ ಮಾತಾಡುವವರೆಗೆ ಕ್ಯಾಮೆರಾ ನಡೆಸುವುದೆಂದರೆ ಅವಳ ಮಾತಿಗೆ ಬೆಲೆ ಕೊಟ್ಟಂತೆಯೇ.

ಚಿತ್ರ ಮುಗಿದ ಮೇಲೆ ಅದು ಎಲ್ಲಿ ಹೋಗಬೇಕು? ಯುಗಾಂತರದವರು ಪ್ರೊಜೆಕ್ಟರ್ ಹೊತ್ತು ತಿರುಗಿದರು. ಪುಣೆಯ ಮನೆಗೆಲಸದವರ ಚಿತ್ರವನ್ನು ಬೇರೆ ಊರಿನ ಮನೆಗೆಲಸದವರಿಗೆ, ಕೂಲಿಗಳ ಚಿತ್ರವನ್ನು ಕೂಲಿಗಳಿಗೆ, ವಸತಿಗಳಲ್ಲಿ, ಸಂಘದ ಸಭೆಗಳಲ್ಲಿ ತೋರಿಸಿದರು. ಚಿತ್ರ ಮುಗಿದ ಮೇಲೆ ನಡೆಯುವ ಚರ್ಚೆಯೇ ಅವರಿಗೆ ಮುಖ್ಯವಾಗಿತ್ತು. ನಮ್ಮಲ್ಲಿ ಗೀಗೀ ಪದ, ಶಾಹಿರರ ಪೋವಾಡ ಕೇಳಿದ ಜನ ಮನೆಗೆ ಹೋಗುವ ದಾರಿಯುದ್ದಕ್ಕೂ ಅದೇ ಮಾತಾಡುವುದಿಲ್ಲವೇ, ಹಾಗೆ.

ಇದೇ ತಂಡ 1983ರಲ್ಲಿ ಇನ್ನೆರಡು ಚಿತ್ರ ಮಾಡಿತು. ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜತೆ ತೆಲುಗಿನಲ್ಲಿ ಮಾಡಿದ ‘ಇದಿ ಕಥಾ ಮಾತ್ರಮೇನಾ’ ಗಂಡನ ಮನೆಯ ಹಿಂಸೆಯನ್ನು ಕುರಿತದ್ದು. ಇದು ಬರೀ ಕತೆಯೇ ಎಂಬುದು ಅದರ ಹೆಸರಿನ ಅರ್ಥ. ‘ಸುದೇಶಾ’ ಹಿಮಾಲಯದ ಚಿಪ್ಕೊ ಚಳವಳಿಯಲ್ಲಿ ಮರಗಳನ್ನು ಉಳಿಸಲು ನಿಂತ ಒಬ್ಬ ಹಳ್ಳಿಯ ಹೆಣ್ಣುಮಗಳ ಚಿತ್ರ. ಹೀಗೆ ಮೂರು ವರ್ಷದಲ್ಲಿ ನಾಲ್ಕು ಚಿತ್ರ, ಅವುಗಳಲ್ಲಿ ಮರಾಠಿ, ತೆಲುಗಿನಂಥ ಬೇರೆಬೇರೆ ಭಾಷೆ. ಹೋದಲ್ಲಿ ಅಲ್ಲಿಯ ಮಾತಿನಲ್ಲೇ ಚಿತ್ರ ಮಾಡಿದ್ದು ಗಡಿಭಾಗದ ನಾವು ಗಮನಿಸಬೇಕಾದ ಸಂಗತಿ. ಬೆಂಗಳೂರಿನವರು ಕರ್ನಾಟಕದ ಊರಿಗೆ ಬಂದು ಮರಾಠಿಯಲ್ಲಿ ಚಿತ್ರ ಮಾಡಿದರು. ಯಾರ ಭಾಷೆ ದೊಡ್ಡದೆಂದು ನೋಡಲಿಲ್ಲ. ಮಾತಾಡುವವರ ಬಾಯಿಗೆ ಯಾವುದು ಸಲೀಸೋ ಅದು ಚಿತ್ರದ ಭಾಷೆಯಾಯಿತು.

ಆಮೇಲೆ ದೀಪಾ ಧನರಾಜ್ ಇನ್ನೂ ಕಠಿಣ ವಿಷಯಗಳಿಗೆ ಕೈ ಹಾಕಿದರು. 1984ರಲ್ಲಿ ಹೈದರಾಬಾದಿನಲ್ಲಿ ನಡೆದ ಕೋಮುಗಲಭೆಯ ಮೇಲೆ 1986ರಲ್ಲಿ ‘ಕ್ಯಾ ಹುವಾ ಇಸ್ ಶಹರ್ ಕೋ’ ಮಾಡಿದರು. ಈ ಊರಿಗೆ ಏನಾಯಿತು ಎಂಬ ಪ್ರಶ್ನೆಯನ್ನೇ ಹೆಸರಾಗಿಟ್ಟು, ಗಲಭೆ ತಾನಾಗಿ ಏಳುತ್ತದೆಯೋ ಎಬ್ಬಿಸುವವರು ಇರುತ್ತಾರೆಯೋ ಎಂದು ವಿಚಾರಿಸಿದರು. 1991ರ ‘ಯುದ್ಧದಂಥದ್ದೇ ಒಂದು’ ಎಂಬರ್ಥದ ಹೆಸರಿನ ಚಿತ್ರ ಕುಟುಂಬ ಯೋಜನೆಯನ್ನು ಕುರಿತದ್ದು. ತುರ್ತು ಪರಿಸ್ಥಿತಿಯ ಕಾಲದಲ್ಲಿ, 1976-77ರ ಒಂದೇ ವರ್ಷದಲ್ಲಿ, ದೇಶದಲ್ಲಿ 80 ಲಕ್ಷಕ್ಕೂ ಹೆಚ್ಚು ಸಂತಾನಹರಣ ಶಸ್ತ್ರಕ್ರಿಯೆಗಳಾದವು. ಆಗ ಹೆಚ್ಚಾಗಿ ಗಂಡಸರಿಗೆ. ಜನ ಸಿಟ್ಟಿಗೆದ್ದ ಮೇಲೆ ಆ ಭಾರ ಹೆಣ್ಣುಮಕ್ಕಳ ಮೇಲೆ ಬಂತು. ಶಿಬಿರವೊಂದರಲ್ಲಿ ವೈದ್ಯರೊಬ್ಬರು ತಾವು ಎಷ್ಟು ಬೇಗ ಎಷ್ಟು ಶಸ್ತ್ರಕ್ರಿಯೆ ಮುಗಿಸುತ್ತೇವೆಂದು ಹೆಮ್ಮೆಯಿಂದ ಹೇಳುವುದು ಆ ಚಿತ್ರದಲ್ಲಿದೆ. ಅದೇ ಚಿತ್ರದಲ್ಲಿ ಹಳ್ಳಿಯ ಹೆಣ್ಣುಮಕ್ಕಳು ಒಟ್ಟಿಗೆ ಕುಳಿತು ತಮ್ಮ ಶರೀರದ ಬಗ್ಗೆ, ಬಸಿರಿನ ಬಗ್ಗೆ ಸಂಕೋಚ ಬಿಟ್ಟು ಮಾತಾಡುತ್ತಾರೆ. ಎರಡನ್ನೂ ನೋಡಿದವರಿಗೆ ಯಾರಿಗೆ ಏನು ಗೊತ್ತಿದೆ ಎಂಬುದನ್ನು ಬೇರೆ ಹೇಳಬೇಕಾಗಿಲ್ಲ. ಇಲ್ಲಿ ಒಂದು ಮಾತು. ಮಕ್ಕಳು ಎಷ್ಟು ಎಂಬುದನ್ನು ತಾಯಿ ತಾನೇ ನಿರ್ಧರಿಸುವ ಹಕ್ಕನ್ನು ಈ ಚಿತ್ರ ಬೇಡವೆನ್ನುವುದಿಲ್ಲ. ಆ ಹಕ್ಕನ್ನು ಬದಿಗೊತ್ತಿ, ಸಂಖ್ಯೆ ತುಂಬಿಸಲು ಹೆಣ್ಣಿನ ಶರೀರವನ್ನು ಬಳಸುವುದನ್ನು ಪ್ರಶ್ನಿಸುತ್ತದೆ.

2011ರಲ್ಲಿ ಅವರು ತಮಿಳುನಾಡಿನ ಮುಸ್ಲಿಂ ಮಹಿಳೆಯರು ಕಟ್ಟಿಕೊಂಡ ಜಮಾತಿನ ಮೇಲೆ ಚಿತ್ರ ಮಾಡಿದರು. ಗಂಡಸರ ಜಮಾತಿನಲ್ಲಿ ಕುಳಿತುಕೊಳ್ಳಲು ಅವಕಾಶವಿಲ್ಲದ ಆ ಹೆಣ್ಣುಮಕ್ಕಳು ಪುದುಕೊಟ್ಟೈ ಊರಿನಲ್ಲಿ 2004ರಲ್ಲಿ ತಮ್ಮದೇ ಜಮಾತು ಕಟ್ಟಿ ತಲಾಖು, ಜೀವನಾಂಶ, ಹಿಂಸೆಯ ತಂಟೆಗಳನ್ನು ವಿಚಾರಣೆ ಮಾಡತೊಡಗಿದ್ದರು. ಹೈದರಾಬಾದ್ ಕೇಂದ್ರೀಯ ವಿಶ್ವವಿದ್ಯಾಲಯದ ದಲಿತ ವಿದ್ಯಾರ್ಥಿ ರೋಹಿತ್ ವೇಮುಲ 2016ರ ಜನವರಿ 17ರಂದು ಪ್ರಾಣ ಕಳೆದುಕೊಂಡ ನಂತರ ಎದ್ದ ಚಳವಳಿಯ ಮೇಲೆ 2018ರಲ್ಲಿ ಇನ್ನೊಂದು ಚಿತ್ರ ಬಂತು. 2023ರಲ್ಲಿ ಕೇರಳದ ಅಂತರರಾಷ್ಟ್ರೀಯ ಸಾಕ್ಷ್ಯಚಿತ್ರೋತ್ಸವದಲ್ಲಿ ಅವರಿಗೆ ಜೀವಮಾನದ ಸಾಧನೆಯ ಪ್ರಶಸ್ತಿ ಸಂದಿತು. ತಂಬಾಕಿನ ವಖಾರದಿಂದ ವಿಶ್ವವಿದ್ಯಾಲಯದವರೆಗೆ ವಿಷಯ ಬದಲಾದರೂ ರೀತಿ ಬದಲಾಗಲಿಲ್ಲ. ಅನ್ಯಾಯ ಯಾರಿಗೆ ಆಗಿದೆಯೋ ಅವರೇ ಮಾತಾಡಬೇಕು, ಅವರು ಮಾತಾಡುವಾಗ ನಾವು ಕೇಳಬೇಕು.

ಇನ್ನು ನಿಪ್ಪಾಣಿಯ ಚಿತ್ರದ ಗತಿ ಏನಾಯಿತು? ಫಿಲ್ಮ್ ಎಂಬುದು ಬಾಳಿಕೆಯ ವಸ್ತುವಲ್ಲ. ಸೆಕೆ, ತೇವ ಎರಡೂ ಅದಕ್ಕೆ ಶತ್ರು. 16 ಮಿಲಿಮೀಟರ್ ಪ್ರೊಜೆಕ್ಟರುಗಳು ಮೂಲೆ ಸೇರಿದ ಮೇಲೆ ಪ್ರತಿಗಳಿದ್ದರೂ ತೋರಿಸುವಂತಿರಲಿಲ್ಲ. ಹೀಗೆ ಬಹಳ ವರ್ಷ ಇವು ಕೇಳುವವರಿಲ್ಲದೆ ಉಳಿದವು. ಕೊನೆಗೆ ಜರ್ಮನಿಯ ಬರ್ಲಿನ್ನಿನಲ್ಲಿರುವ ಆರ್ಸೆನಲ್ ಎಂಬ ಚಲನಚಿತ್ರ ಸಂಸ್ಥೆ ಯುಗಾಂತರದ ಚಿತ್ರಗಳನ್ನು ಈಚಿನ ವರ್ಷಗಳಲ್ಲಿ ಸರಿಪಡಿಸಿ, ಡಿಜಿಟಲ್ ರೂಪಕ್ಕೆ ತಂದಿತು. ಹೀಗಾಗಿ ಸಮುದ್ರದಾಚೆಯ ಜನ ಅಡಿಬರಹ ಓದುತ್ತ ಅವನ್ನು ನೋಡುತ್ತಿದ್ದಾರೆ. ಆ ಮಾತು ಅಡಿಬರಹವಿಲ್ಲದೆ ಅರ್ಥವಾಗುವುದು ನಮಗೆ. ಅಡಿಬರಹ ಬೇಡದ ಜನರೇ ನೋಡದಿದ್ದರೆ ಆ ಸಾಕ್ಷಿ ಅರ್ಧಕ್ಕೇ ನಿಂತಂತೆ.

ಆದ್ದರಿಂದ ನನ್ನದೊಂದು ಸೂಚನೆ. ನಿಮ್ಮ ಊರಿನ ಶಾಲೆಯ ಗುರುಗಳಿಗೆ, ಗ್ರಂಥಾಲಯದವರಿಗೆ, ಬಚತ ಗಟದ ಹೆಣ್ಣುಮಕ್ಕಳಿಗೆ ಈ ಚಿತ್ರದ ಹೆಸರು ಹೇಳಿರಿ. ಒಂದು ಸಂಜೆ ಕೂಡಿ ನೋಡಿರಿ. 25 ನಿಮಿಷದ ಮಾತು. ನೋಡುವಾಗ, ಈ ಚಿತ್ರವಿರಲಿ, ಫೋನಿನಲ್ಲಿ ದಿನವೂ ಬಂದು ಬೀಳುವ ಯಾವ ಚಿತ್ರವೇ ಇರಲಿ, ಮೂರು ಪ್ರಶ್ನೆ ಕೇಳಿಕೊಳ್ಳಿರಿ. ಇದರಲ್ಲಿ ಮಾತಾಡುತ್ತಿರುವವರು ಯಾರು, ಅನುಭವಿಸಿದವರೋ ಅವರ ಪರವಾಗಿ ಇನ್ನೊಬ್ಬರೋ? ಚಿತ್ರ ತೆಗೆಯುವ ಮುಂಚೆ ಅವರ ಒಪ್ಪಿಗೆ ಕೇಳಿದ್ದರೋ, ಇಲ್ಲವೋ? ತೆಗೆದ ಮೇಲೆ ಅದರಿಂದ ಅವರಿಗೆ ಬಲ ಬಂತೋ, ತೆಗೆದವರಿಗೆ ಮಾತ್ರ ಹೆಸರು ಬಂತೋ? ಈ ಮೂರಕ್ಕೂ ಸರಿಯಾದ ಉತ್ತರ ಸಿಕ್ಕರೆ ಅದನ್ನು ಸಾಕ್ಷ್ಯಚಿತ್ರ ಎನ್ನಬಹುದು.

ಇನ್ನೊಂದು ಮಾತು ಹೇಳಿ ಮುಗಿಸುತ್ತೇನೆ. 1980ರಲ್ಲಿ 25 ವರ್ಷದವಳಾಗಿ ವಖಾರದ ಬಾಗಿಲಲ್ಲಿ ಸಂಪಿಗೆ ನಿಂತ ಹೆಣ್ಣುಮಗಳಿಗೆ ಈಗ 70 ದಾಟಿದೆ. ನಿಪ್ಪಾಣಿಯ ಜರಡಿಯ ಮುಂದೆ, ಇಚಲಕರಂಜಿಯ ಮಗ್ಗದ ಖೋಲಿಯಲ್ಲಿ, ಗಡಹಿಂಗ್ಲಜದ ಹೊಲದಲ್ಲಿ, ಶಿರೋಳದ ಕಬ್ಬಿನ ಗದ್ದೆಯಲ್ಲಿ ಹೀಗೆ ದುಡಿದ, ದನಿಯೆತ್ತಿದ ಎಷ್ಟೋ ಅವ್ವಂದಿರು, ಅಜ್ಜಿಯರು ನಮ್ಮ ನಿಮ್ಮ ಮನೆಗಳಲ್ಲೇ ಇದ್ದಾರೆ. ಅವರ ಮಾತನ್ನು ಹಿಡಿದಿಡಲು ಬೆಂಗಳೂರಿನಿಂದ ತಂಡ ಬರಬೇಕಾಗಿಲ್ಲ, 400 ಅಡಿಯ ಸುರುಳಿಯೂ ಬೇಕಾಗಿಲ್ಲ. ಒಪ್ಪಿಗೆ ಕೇಳಿ, ಎದುರಿಗೆ ಕುಳಿತು, ಕನ್ನಡದಲ್ಲಿ ಹೇಳಿದರೆ ಕನ್ನಡದಲ್ಲಿ, ಮರಾಠಿಯಲ್ಲಿ ಹೇಳಿದರೆ ಮರಾಠಿಯಲ್ಲಿ ಕೇಳಿ ಫೋನಿನಲ್ಲಿ ಹಿಡಿದಿಡಿರಿ. ಅವರು ಮಾತು ನಿಲ್ಲಿಸಿ ವಿಚಾರ ಮಾಡಿದರೆ ಅವಸರ ಮಾಡಬೇಡಿರಿ, ಮುಂದಿನ ಮಾತು ಬರುವವರೆಗೆ ಕಾಯಿರಿ.